ಪರದೆಯ ಕೆಳಗಿನ ಸಾಲು

ಪಕ್ಕದ ಮನೆಯವನ ಹೊಸ ಬೈಕಿನ ಮೇಲೆ ಹೊಟ್ಟೆಕಿಚ್ಚು ಪಟ್ಟವರನ್ನು ಹುನಗುಂದ ಕಂಡಿದೆ. ತಮ್ಮನ ಹೊಲಕ್ಕೆ ಮರೋಳದ ಏತ ನೀರಾವರಿಯ ನೀರು ಬಂದು ತನ್ನ ಹೊಲಕ್ಕೆ ಬಾರದೆ ಹೋಯಿತೆಂದು ಆರು ತಿಂಗಳು ಮಾತು ಬಿಟ್ಟ ಅಣ್ಣನನ್ನೂ ಕಂಡಿದೆ. ಆದರೆ ಕಟ್ಟಿಕೊಂಡ ಹೆಂಡತಿಯ ಮೇಲೆ, ಅದೂ ಸಾವಿರಾರು ವರ್ಷದ ಹಳೆಯ ಕಲ್ಲುಗಳ ವಿಷಯದಲ್ಲಿ ಹೊಟ್ಟೆ ಉರಿದುಕೊಂಡವರು ನಮ್ಮ ಮಹಾಂತೇಶ ಮಾಸ್ತರರೊಬ್ಬರೇ ಇರಬೇಕು.

ಮಾಸ್ತರರು ಹೈಸ್ಕೂಲಿನಲ್ಲಿ ಚಿತ್ರಕಲೆ ಕಲಿಸುತ್ತಾರೆ. ವಯಸ್ಸು ಐವತ್ತೊಂದು. ಊರಿನಲ್ಲಿ ಅವರನ್ನು ಡ್ರಾಯಿಂಗ್ ಮಾಸ್ತರ ಎಂದು ಯಾರೂ ಕರೆಯುವುದಿಲ್ಲ, ಮೋರೇರ ಮಾಸ್ತರ ಅನ್ನುತ್ತಾರೆ. ಹುನಗುಂದದಿಂದ ಒಂದು ಗಂಟೆಯ ದಾರಿಯಲ್ಲಿ ಕುರಿಹಟ್ಟಿ ಗುಡ್ಡ ಎಂಬ ಕಲ್ಲುಗುಡ್ಡವಿದೆ. ಅದರ ನೆತ್ತಿಯ ಮೇಲೆ, ಚಪ್ಪಡಿಗಲ್ಲುಗಳನ್ನು ನಾಲ್ಕೂ ಕಡೆ ನಿಲ್ಲಿಸಿ ಮೇಲೊಂದು ಚಪ್ಪಡಿ ಹೊದಿಸಿದ ಸಣ್ಣ ಸಣ್ಣ ಗೂಡುಗಳಿವೆ. ಎಷ್ಟೋ ಕಾಲದ ಹಿಂದಿನ ಜನ ತಮ್ಮ ಸತ್ತವರಿಗಾಗಿ ಕಟ್ಟಿದ ಸಮಾಧಿಗಳು ಅವು ಎಂದು ಓದಿದವರು ಹೇಳುತ್ತಾರೆ. ಸುತ್ತಿನ ಹಳ್ಳಿಯವರು ಮಾತ್ರ, ಮೋರೇರು ಎಂಬ ಕುಳ್ಳ ಜನ ಒಂದು ಕಾಲಕ್ಕೆ ಅಲ್ಲಿ ಸಂಸಾರ ಮಾಡಿಕೊಂಡಿದ್ದರು ಎಂದು ನಂಬಿ, ಅವನ್ನು ಮೋರೇರ ಮನಿ ಅನ್ನುತ್ತಾರೆ. ಇಪ್ಪತ್ತಮೂರು ವರ್ಷದ ಹಿಂದೆ ಪತ್ರಿಕೆಯೊಂದರ ರವಿವಾರದ ಪುರವಣಿಯಲ್ಲಿ 'ಹುನಗುಂದ ತಾಲೂಕಿನಲ್ಲಿ ನಲವತ್ತಮೂರು ಶಿಲಾಸಮಾಧಿಗಳ ಶೋಧ' ಎಂಬ ಲೇಖನ ಬಂತು. ಶೋಧಿಸಿದವರು ಮಹಾಂತೇಶ. ಚಪ್ಪಡಿಯ ಮೇಲೆ ಕೈಯಿಟ್ಟು ಆಕಾಶ ನೋಡುತ್ತಿರುವ ಅವರ ಫೋಟೋ ಕೂಡ ಇತ್ತು. ಆ ಪುಟ ಲ್ಯಾಮಿನೇಷನ್ ಆಗಿ, ಪಡಸಾಲೆಯಲ್ಲಿ ಕುರುಬರ ಮನೆದೇವರಾದ ಬೀರಪ್ಪನ ಫೋಟೋದ ಪಕ್ಕಕ್ಕೇ ತೂಗುತ್ತದೆ. ದೀಪ ಹಚ್ಚುವುದು ಬೀರಪ್ಪನಿಗೆ. ಕೈಮುಗಿಯುವಾಗ ಮಾಸ್ತರರ ಕಣ್ಣು ಮಾತ್ರ ಒಂದಿಷ್ಟು ಎಡಕ್ಕೆ ಸರಿಯುತ್ತದೆ.

ಹೆಂಡತಿ ರಂಗವ್ವ ಅದೇ ಗುಡ್ಡದ ಬುಡದ ಕುರಿಹಟ್ಟಿ ಊರಿನ ಬಂಡೆಪ್ಪನ ಮಗಳು. ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟು ಅಪ್ಪನ ಕುರಿಗಳ ಹಿಂದೆ ಗುಡ್ಡ ಹತ್ತಿದವಳು. ಮಾಸ್ತರರದೂ ಬೀರಪ್ಪನ ಒಕ್ಕಲಿನ ಮನೆತನವೇ, ಆದರೆ ಇಲಕಲ್ಲಿನ ಪೇಟೆಯಲ್ಲಿ ಬೆಳೆದವರು. ಕುರಿಯನ್ನು ದೇವರ ಕಾರ್ಯದ ದಿನ ಬಿಟ್ಟರೆ ಹತ್ತಿರದಿಂದ ಕಂಡವರಲ್ಲ. ರಂಗವ್ವ ಮನೆ ನೋಡಿಕೊಂಡಳು, ಗಂಡ ತಂದು ಸುರಿದ ಕಲ್ಲುಗಳ ಧೂಳು ಒರೆಸಿದಳು. ಗಂಡ ಬರೆದದ್ದನ್ನು ಅವಳು ಓದಿದವಳಲ್ಲ, ಅವರು ಓದಿ ಹೇಳಿದವರೂ ಅಲ್ಲ.

ಹೀಗಿರುವಾಗ ಕಳೆದ ಸಂಕ್ರಾಂತಿಯ ಮಗ್ಗುಲಲ್ಲಿ ಮೈಸೂರಿನಿಂದ ಪ್ರಿಯದರ್ಶಿನಿ ಎಂಬ ಹುಡುಗಿ ಫೋನು ಮಾಡಿದಳು. ಅವಳ ಅಪ್ಪ ಯಮನಪ್ಪ ಕೆರೂರಿನವರು. ಸರಕಾರಿ ನೌಕರಿಯ ಸಲುವಾಗಿ ಮೈಸೂರಿಗೆ ಹೋಗಿ ಅಲ್ಲಿಯೇ ನಿಂತವರು. ಮಗಳು ಅಪ್ಪನ ನಾಡಿನ ಪ್ರಾಚೀನ ನೆಲೆಗಳ ಮೇಲೆ ಇಪ್ಪತ್ತೆರಡು ನಿಮಿಷದ ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದಳು. ಬಾದಾಮಿಯ ಬಂಡೆಗಳು, ಮಲಪ್ರಭೆಯ ದಂಡೆ, ಕೊನೆಗೆ ಕುರಿಹಟ್ಟಿ ಗುಡ್ಡ. "ಸರ್, ನಿಮ್ಮ ಹಳೇ ಲೇಖನ ಓದ್ದೆ. ನೀವಿಲ್ಲದೆ ಈ ಚಿತ್ರ ಆಗೋದೇ ಇಲ್ಲ" ಅಂದಳು. ಮಾಸ್ತರರು ಆ ಮಾತನ್ನು ಒಂದು ವಾರ ಬಾಯಲ್ಲಿಟ್ಟುಕೊಂಡು ಚಪ್ಪರಿಸಿದರು. ಹನ್ನೊಂದು ಪುಟದ ಭಾಷಣ ಬರೆದರು. ಎರಡು ಹೊಸ ಜುಬ್ಬಾ ಹೊಲಿಸಿದರು.

ಮೊದಲೆರಡು ದಿನ ಬಾದಾಮಿಯಲ್ಲಿ ಚಿತ್ರೀಕರಣ. ಕ್ಯಾಮೆರಾ ಹಿಡಿದವನು ಇಲಕಲ್ಲಿನ ಮತೀನ, ಮಾಸ್ತರರ ಹಳೆಯ ವಿದ್ಯಾರ್ಥಿ, ಮದುವೆಯ ವಿಡಿಯೋ ತೆಗೆದು ಕೈ ಪಳಗಿದವನು. ಅಗಸ್ತ್ಯತೀರ್ಥದ ಮೆಟ್ಟಿಲ ಮೇಲೆ ನಿಂತು ಮಾಸ್ತರರು "ಈ ಪುಣ್ಯಭೂಮಿಯ ಗರ್ಭದಲ್ಲಿ ಹುದುಗಿರುವ ಗತಕಾಲದ ವೈಭವವು" ಎಂದು ಆರಂಭಿಸಿದರು.

"ಸರ್, ತುಂಬ ಚೆನ್ನಾಗಿದೆ" ಅಂದಳು ಪ್ರಿಯದರ್ಶಿನಿ. "ಆದ್ರೆ ಓದಿದ ಹಾಗೆ ಕೇಳ್ತಿದೆ. ಮನೇಲಿ ಮಾತಾಡ್ತೀರಲ್ಲ, ಹಾಗೆ ಹೇಳಿ."

"ಮನೆಯ ಮಾತಿನಲ್ಲಿ ಇತಿಹಾಸ ಹೇಳಲಿಕ್ಕೆ ಬರುವುದಿಲ್ಲಮ್ಮಾ" ಅಂದರು ಮಾಸ್ತರರು.

ಆರನೇ ಸಲ ಹೇಳುವಾಗ ಒಂದು ಮಂಗ ಬಂದು ಅವರ ಕೈಯಿಂದ ಮೂರನೇ ಪುಟ ಕಸಿದುಕೊಂಡು ಮೆಟ್ಟಿಲೇರಿತು. ಮತೀನ ಕ್ಯಾಮೆರಾವನ್ನು ಮಾಸ್ತರರಿಂದ ಮಂಗನ ಕಡೆಗೆ ತಿರುಗಿಸಿದ. ಮಂಗ ಪುಟವನ್ನು ತಿರುವಿ ಮುರುವಿ ನೋಡಿ ಹರಿಯುವ ತನಕ ಬಿಡದೆ ತೆಗೆದ. ಪ್ರಿಯದರ್ಶಿನಿ ನಕ್ಕು ನಕ್ಕು "ಇದು ಇರಲಿ" ಅಂದಳು. ಈ ಕತೆಯಲ್ಲಿ ಮಾಸ್ತರರಿಗೆ ಮೊಟ್ಟಮೊದಲು ಹೊಟ್ಟೆಕಿಚ್ಚಾದದ್ದು ಆ ಮಂಗನ ಮೇಲೆ.

ಮೂರನೇ ದಿನ ಕುರಿಹಟ್ಟಿ ಗುಡ್ಡ. ಅಲ್ಲಿ ಹೋಟೆಲಿಲ್ಲ, ಕ್ಯಾಮೆರಾದವರಿಗೆ ಊಟ ಬೇಕು. ರಂಗವ್ವ ನಸುಕಿನಲ್ಲೆದ್ದು ರೊಟ್ಟಿ ಬಡಿದು, ಬದನೆಕಾಯಿ ಎಣ್ಣೆಗಾಯಿ ಮಾಡಿ, ಬುಟ್ಟಿ ಹೊತ್ತು ಜೀಪಿನಲ್ಲಿ ಹಿಂದೆ ಕೂತು ಬಂದಳು. ಅಪ್ಪ ಕುರಿ ಮಾರಿದ ಮೇಲೆ ಅವಳು ಆ ಗುಡ್ಡ ಹತ್ತಿರಲಿಲ್ಲ. ಬುಟ್ಟಿ ತಲೆಯ ಮೇಲಿದ್ದರೂ ಎಲ್ಲರಿಗಿಂತ ಮೊದಲು ಮೇಲೆ ಮುಟ್ಟಿದಳು. ಮಾಸ್ತರರು ನಡುವೆ ಮೂರು ಕಡೆ ನಿಂತು ದಮ್ಮು ತಿರುಗಿಸಿಕೊಂಡರು.

ಪ್ರಿಯದರ್ಶಿನಿ ಒಂದು ಗೂಡಿನ ಮುಂದೆ ಕೂರಲು ಹೋದಳು. ರಂಗವ್ವ ಅಲ್ಲಿಂದಲೇ ಕೂಗಿದಳು.

"ಮೂಗಬಾಯಿ ಮನಿ ಮುಂದ ಕುಂದರಬ್ಯಾಡ ತಂಗಿ, ಅಲ್ಲಿ ಚೇಳ ಭಾಳ."

"ಯಾವ ಮನೆ ಅಕ್ಕ?"

"ಮೂಗಬಾಯಿ ಮನಿ. ಉಳದ ಮನ್ಯಾಗ ಕೂಗಿದ್ರ ದನಿ ಹೊಳ್ಳಿ ಬರತೈತಿ. ಇದರಾಗ ಬರೂದಿಲ್ಲ. ಅದಕ್ಕ ಮೂಗಬಾಯಿ ಮನಿ."

"ಅದು ಸಮಾಧಿ ಸಂಖ್ಯೆ ಏಳು" ಎಂದು ಮಾಸ್ತರರು ಕೂಡಲೇ ಹೇಳಿದರು. ಯಾರೂ ಬರೆದುಕೊಳ್ಳಲಿಲ್ಲ.

ಎಲ್ಲಕ್ಕೂ ಹೆಸರಿದೆಯಾ ಎಂದು ಪ್ರಿಯದರ್ಶಿನಿ ಕೇಳಿದಳು. ಇಲ್ಲದೆ ಏನು ಅಂದಳು ರಂಗವ್ವ. ಕಾಲುಗಲ್ಲು ಮುರಿದದ್ದು ಕುಂಟ ಮನಿ, ಮಳೆಗೆ ಒಳಗೆಲ್ಲ ಒದ್ದೆಯಾಗುವುದು ಸೋರು ಮನಿ, ಒಂದಕ್ಕೊಂದು ಬೆನ್ನು ಮಾಡಿ ನಿಂತವು ಅತ್ತಿ-ಸೊಸಿ ಮನಿ. "ಕುರಿ ಕಾಯಾಗ ಮರಿ ತಪ್ಪಿಸಿಕೊಂತಾವ. ಎಲ್ಲಿ ಐತಿ ಅಂತ ಆ ದಿಬ್ಬದಾಗ ಇದ್ದಾಂವ ಈ ದಿಬ್ಬದಾಗ ಇದ್ದಾಕಿಗೆ ಕೂಗಿ ಹೇಳಬೇಕಲ್ಲ. ಹೆಸರ ಇರಲಿಲ್ಲಂದ್ರ ಏನಂತ ಕೂಗೂದು?"

ಮಾಸ್ತರರು ಇಪ್ಪತ್ತಮೂರು ವರ್ಷ ಅದೇ ಕಲ್ಲುಗಳ ಉದ್ದ, ಅಗಲ, ದಪ್ಪ ಅಳೆದು ಒಂದರಿಂದ ನಲವತ್ತಮೂರರ ತನಕ ನಂಬರು ಹಾಕಿದ್ದರು. ಕಲ್ಲಿನ ಮೇಲೆ ಬಿಳಿ ಬಣ್ಣದಲ್ಲಿ ಅಲ್ಲ, ಪುಣ್ಯಕ್ಕೆ, ಟಿಪ್ಪಣಿಯ ವಹಿಯಲ್ಲಿ. ಒಂದು ವಾಕ್ಯದಲ್ಲಿ ಆ ನಂಬರುಗಳು ಬೆಂದ ನೆಲದ ಮೇಲೆ ಬಿದ್ದ ಹನಿಯ ಹಾಗೆ ಆರಿಹೋದವು. ಅವರು ಗಂಟಲು ಸರಿಮಾಡಿಕೊಂಡು "ಒಟ್ಟು ನಲವತ್ತಮೂರು" ಎಂದು ಘೋಷಿಸಿದರು. ರಂಗವ್ವ ಸೀರೆಯ ಸೆರಗು ಬಾಯಿಗೆ ಹಿಡಿದಳು.

"ಅಕ್ಕಾರ, ಯಾಕ ನಗಾಕತ್ತೀರಿ?" ಎಂದ ಮತೀನ, ಕ್ಯಾಮೆರಾದಿಂದ ಕಣ್ಣು ತೆಗೆಯದೆ.

"ಏನಿಲ್ಲೋ ತಮ್ಮಾ. ಇನ್ನೊಂದ ಐತಿ."

ಇಳುಕಲಿನಲ್ಲಿದ್ದ ಜಾಲಿಯ ಪೊದೆಯ ಹತ್ತಿರ ಹೋಗಿ ಒಂದು ಕೋಲಿನಿಂದ ಟೊಂಗೆ ಸರಿಸಿದಳು. ಅರ್ಧ ಮಣ್ಣಲ್ಲಿ ಹೂತ ಚಪ್ಪಡಿ, ಅದರ ಕೆಳಗೆ ಕರಿ ಕತ್ತಲು. "ಇದು ಮುಚ್ಚಿದ ಮನಿ. ನಲವತ್ತನಾಕನೇದು" ಅಂದಳು. ಪ್ರಿಯದರ್ಶಿನಿ ಮೊಣಕಾಲೂರಿ ಒಳಗೆ ಇಣುಕಿದಳು. ಎದ್ದಾಗ ಅವಳ ಕಣ್ಣು ಮಿನುಗುತ್ತಿತ್ತು. ಆ ಹೊಳಪು ತನ್ನ ಹನ್ನೊಂದು ಪುಟಕ್ಕೆ ಒಮ್ಮೆಯೂ ಬಂದಿರಲಿಲ್ಲವೆಂಬುದು ಮಾಸ್ತರರಿಗೆ ತಕ್ಷಣ ಹೊಳೆಯಿತು.

ಊಟದ ಹೊತ್ತಿಗೆ ಹೆಂಡತಿಯನ್ನು ಬಂಡೆಯ ಮರೆಗೆ ಕರೆದರು. "ಇಷ್ಟ ವರ್ಷ ನನಗ್ಯಾಕ ಹೇಳಲಿಲ್ಲ ನೀ?"

"ನೀವು ಪೇಪರಿನ್ಯಾಗ ನಲವತ್ತಮೂರ ಅಂತ ಬರದ ಬಿಟ್ಟಿದ್ರಿ, ಊರಾಗೆಲ್ಲ ಅದ ಮಾತಾಗಿತ್ತು. ಮತ್ತ ಅದನ್ಯಾಕ ಸುಳ್ಳ ಮಾಡ್ಲಿ ಅಂತ ಸುಮ್ಮಾದ್ನಿ" ಅಂದಳು ರಂಗವ್ವ. "ಇವತ್ತ ಬಾಯಾಗಿಂದ ಬಂದಬಿಡ್ತು. ರೊಟ್ಟಿ ಇನ್ನೊಂದ ಹಾಕ್ಲೇನು?"

ಮಾಸ್ತರರಿಗೆ ರೊಟ್ಟಿ ಇಳಿಯಲಿಲ್ಲ. ಮಧ್ಯಾಹ್ನವೆಲ್ಲ ರಂಗವ್ವನದೇ ಮಾತು. ಅವಳು ಕಲ್ಲಿನ ಮೇಲೆ ಕೂತು, ಎದುರಿಗೆ ಕ್ಯಾಮೆರಾ ಇದೆ ಎಂಬುದನ್ನೇ ಮರೆತು, ಬಾವಿಕಟ್ಟೆಯಲ್ಲಿ ಕೂತವಳಂತೆ ಹೇಳುತ್ತಾ ಹೋದಳು. ಮಾಸ್ತರರು ನಡುನಡುವೆ ಬಾಯಿ ಹಾಕಿದರು. "ಅಂದರೆ ಬೃಹತ್ ಶಿಲಾಯುಗದ" ಅಂದರು. "ವಾಸ್ತವವಾಗಿ" ಅಂದರು. ಕೊನೆಗೆ ಪ್ರಿಯದರ್ಶಿನಿ ಬಹಳ ವಿನಯದಿಂದ "ಸರ್, ನೀವು ಸ್ವಲ್ಪ ಆ ಕೆಳಗಿನ ಮರದ ಹತ್ರ ಇರ್ತೀರಾ? ನಿಮ್ಮ ನೆರಳು ಬೀಳ್ತಿದೆ" ಅಂದಳು. ಮರ ಇನ್ನೂರು ಹೆಜ್ಜೆ ದೂರದಲ್ಲಿತ್ತು. ಅಷ್ಟುದ್ದದ ನೆರಳು ನಡುಹಗಲಿನಲ್ಲಿ ಯಾವ ಮನುಷ್ಯನಿಗೂ ಇರುವುದಿಲ್ಲ. ಮಾಸ್ತರರು ಹೋಗಿ ಮರದ ಬುಡದಲ್ಲಿ ಕೂತರು. ಮೇಲಿಂದ ನಗು ಕೇಳುತ್ತಿತ್ತು, ಮಾತು ಕೇಳುತ್ತಿರಲಿಲ್ಲ. ತನ್ನ ಗುಡ್ಡ, ತನ್ನ ಸಮಾಧಿಗಳು, ತನ್ನ ಲೇಖನ ಓದಿ ಬಂದ ಕ್ಯಾಮೆರಾ, ತಾನೇ ತಾಳಿ ಕಟ್ಟಿದ ಹೆಂಡತಿ. ಇವೆಲ್ಲ ತನ್ನನ್ನು ಬಿಟ್ಟು ಮೇಲೆ ಒಂದಾಗಿ ಕೂತಿವೆ ಅನ್ನಿಸಿ ಅವರಿಗೆ ಮೈಯೆಲ್ಲ ಉರಿಯಿತು.

ಆಮೇಲಿನ ದಿನಗಳು ಇನ್ನೂ ಕಠಿಣ. ಪಕ್ಕದ ಮನೆಯ ಹಜರತಬಿ ಕಾಂಪೌಂಡಿನ ಮೇಲಿಂದ "ರಂಗವ್ವ, ಸಿನಿಮಾದಾಗ ಬರ್ತಿಯಂತಲ್ಲ ನೀ, ನಮ್ಮನ್ನ ಮರೀಬ್ಯಾಡವಾ" ಅಂದಳು. ಹೆಡ್ ಮಾಸ್ತರರು ಸ್ಟಾಫ್ ರೂಮಿನಲ್ಲಿ "ನಿಮ್ಮ ಮನಿಯವ್ರು ಭಾಳ ಚೊಲೋ ಮಾತಾಡ್ಯಾರಂತಲ್ರಿ" ಅಂದರು. ಒಂದು ಲಗ್ನದಲ್ಲಿ ಯಾರೋ ಯಾರಿಗೋ ಇವರನ್ನು ತೋರಿಸಿ "ಇವರ ನೋಡ್ರಿ, ಗುಡ್ಡದ ರಂಗವ್ವನ ಯಜಮಾನ್ರು" ಎಂದು ಪರಿಚಯಿಸಿದರು. ಮಾಸ್ತರರು ಆ ದಿನ ಉಣ್ಣದೆ ಎದ್ದು ಬಂದರು. ಮನೆಯಲ್ಲಿ ಸಾರಿಗೆ ಉಪ್ಪು ಹೆಚ್ಚೆಂದರು, ಮರುದಿನ ಕಡಿಮೆಯೆಂದರು. ರಂಗವ್ವ ಎರಡು ದಿನವೂ ಅಷ್ಟೇ ಉಪ್ಪು ಹಾಕಿದ್ದಳು.

ಮಾರ್ಚಿನಲ್ಲಿ ಪ್ರಿಯದರ್ಶಿನಿಯ ಫೋನು ಮತ್ತೆ ಬಂತು. ಚಿತ್ರ ಕೂಡಿಸಿ ಆಗಿದೆ. ಆದರೆ ರಂಗವ್ವಕ್ಕನ ಮಾತು ಬೆಂಗಳೂರು, ಮೈಸೂರಿನವರಿಗೆ ಹಿಡಿಯುವುದಿಲ್ಲ. ತನಗೇ ಅರ್ಧ ತಿಳಿದು ಅರ್ಧ ತಿಳಿಯುವುದಿಲ್ಲ, ಅಕ್ಕ ಅಷ್ಟು ಬೇಗ ಬೇಗ ಮಾತಾಡಿದ್ದಾಳೆ. ಪರದೆಯ ಕೆಳಗೆ ಬರಹದ ಕನ್ನಡದಲ್ಲಿ ಸಬ್‌ಟೈಟಲ್ ಹಾಕಬೇಕು. "ಸರ್, ನಿಮ್ಮಷ್ಟು ಶುದ್ಧವಾಗಿ ಬರೆಯೋರು ನನಗೆ ಯಾರೂ ಗೊತ್ತಿಲ್ಲ. ದಯವಿಟ್ಟು ಬರೆದುಕೊಡಿ."

ರವಿವಾರ ಮಧ್ಯಾಹ್ನ, ರಂಗವ್ವ ಹಿತ್ತಲಲ್ಲಿ ಮೆಣಸಿನಕಾಯಿ ಒಣಹಾಕುತ್ತಿದ್ದಾಗ, ಮಾಸ್ತರರು ಕಿವಿಗೆ ಇಯರ್‌ಫೋನು ಸಿಕ್ಕಿಸಿಕೊಂಡು ಕೂತರು. ಮೊದಲು ಗಡಿಯಾರ ನೋಡಿ ಅಳೆದರು. ತಾವು ಒಂದು ನಿಮಿಷ ಮೂವತ್ತು ಸೆಕೆಂಡು, ಅದರಲ್ಲಿ ಮಂಗನದೇ ಅರ್ಧ. ರಂಗವ್ವ ಒಂಬತ್ತು ನಿಮಿಷ. ಹಲ್ಲು ಕಡಿದುಕೊಂಡು ಬರೆಯತೊಡಗಿದರು. ಅವಳು 'ಮೂಗಬಾಯಿ ಮನಿ' ಅಂದಲ್ಲಿ 'ಸಮಾಧಿ ಸಂಖ್ಯೆ ೭' ಎಂದು ಬರೆದರು. 'ಇದು ಮುಚ್ಚಿದ ಮನಿ. ನಲವತ್ತನಾಕನೇದು' ಅಂದಲ್ಲಿ 'ಇಲ್ಲಿ ಇನ್ನೊಂದು ಇದ್ದಿರಬಹುದು' ಎಂದು ಬರೆದರು. ಇದೆಲ್ಲ ತಪ್ಪೇನಲ್ಲ, ಶಾಸ್ತ್ರಶುದ್ಧಿಗಾಗಿ ಮಾಡುವ ಸಣ್ಣ ತಿದ್ದುಪಡಿ ಎಂದು ತಮಗೆ ತಾವೇ ಹೇಳಿಕೊಂಡರು.

ಆಮೇಲೆ, ಹದಿನೆಂಟನೇ ನಿಮಿಷದಲ್ಲಿ, ಅವರು ಮರದ ಬುಡದಲ್ಲಿ ಕೂತಿದ್ದಾಗ ಆಡಿದ ಮಾತು ಬಂತು. ರಂಗವ್ವ ನಗುತ್ತಾ ಹೇಳುತ್ತಿದ್ದಳು: "ಇವರಿಗೇನ ಗೊತ್ತಿತ್ತವಾ, ಇಲಕಲ್ಲ ಪ್ಯಾಟ್ಯಾಗ ಬೆಳದಾರ. ಲಗ್ನಾದ ವರ್ಷ ಪಂಚಮಿಗೆ ತವರಿಗೆ ಬಂದಾಗ ನಾನ ಇವರನ್ನ ಕರಕೊಂಡ ಬಂದ ತೋರಿಸಿದ್ನಿ."

ಮಾಸ್ತರರು ಅಲ್ಲಿಯೇ ನಿಲ್ಲಿಸಿದರು. ಅದು ಖರೆ. ಖರೆಯೆಂಬುದೇ ತೊಂದರೆ. ಗೋಡೆಯ ಮೇಲಿನ ಲ್ಯಾಮಿನೇಷನ್ನು, ಮೋರೇರ ಮಾಸ್ತರ ಎಂಬ ಹೆಸರು, ತಾಲೂಕು ಸಾಹಿತ್ಯ ಸಮ್ಮೇಳನದಲ್ಲಿ ಹೊದಿಸಿದ ಶಾಲು, ಇವೆಲ್ಲ ಆ ಒಂದು ಸಾಲು ಯಾರ ಕಿವಿಗೂ ಬೀಳದಿರುವುದರ ಮೇಲೆ ನಿಂತಿದ್ದವು. ಇಪ್ಪತ್ತಮೂರು ವರ್ಷದಲ್ಲಿ ಆ ಮಾತನ್ನು ಅವರು ಸುಳ್ಳೆಂದು ಹೇಳಿರಲಿಲ್ಲ. ಯಾರೂ ಕೇಳದ್ದರಿಂದ ಹೇಳುವ ಪ್ರಸಂಗ ಬಂದಿರಲಿಲ್ಲ, ಅಷ್ಟೇ. ಸಾಲನ್ನು ನಾಲ್ಕು ಸಲ ಕೇಳಿದರು. ಒಂಬತ್ತು ನಿಮಿಷ ಸಾಲದೆಂದು ಇದನ್ನೂ ತೆಗೆದುಕೊಂಡಳಲ್ಲ ಎಂದು ಸಿಟ್ಟು ಬಂತು. ಆಮೇಲೆ ಪೆನ್ನು ತೆಗೆದುಕೊಂಡು ಬರೆದರು:

'ಮದುವೆಯಾದ ವರ್ಷ ಪಂಚಮಿಗೆ ತವರಿಗೆ ಬಂದಾಗ ಇವರೇ ನನ್ನನ್ನು ಕರೆದುಕೊಂಡು ಬಂದು ತೋರಿಸಿದರು.'

ಹೆಚ್ಚೇನೂ ಬದಲಾಗಿರಲಿಲ್ಲ. ನಾನು ಇದ್ದಲ್ಲಿ ಇವರು, ಇವರನ್ನು ಇದ್ದಲ್ಲಿ ನನ್ನನ್ನು. ಏಳನೇ ಇಯತ್ತೆಯ ಹುಡುಗರು ವ್ಯಾಕರಣದ ಪೇಪರಿನಲ್ಲಿ ದಿನಾ ಮಾಡುವಂಥ ತಪ್ಪು. ಪ್ರಿಯದರ್ಶಿನಿ ಅದನ್ನು ತಿರುಗಿ ನೋಡಲಿಲ್ಲ, ಮಾಸ್ತರರ ಕನ್ನಡವೆಂದು ಕಣ್ಣುಮುಚ್ಚಿ ಪರದೆಗೆ ಹಾಕಿಸಿದಳು.

ಚಿತ್ರದ ಪ್ರದರ್ಶನ ಬಾಗಲಕೋಟೆಯ ನವನಗರದ ಸಭಾಭವನದಲ್ಲಿ, ಮಧ್ಯಾಹ್ನ ಮೂರಕ್ಕೆ. ಹುನಗುಂದ, ಬಾದಾಮಿ, ಇಲಕಲ್ಲಿನಿಂದ ಶಿಕ್ಷಕರು, ವಿದ್ಯಾರ್ಥಿಗಳು, ಸಾಹಿತಿಗಳು, ಹೀಗೆ ನಾನೂರು ಜನ ಸೇರಿದ್ದರು. ಅಧ್ಯಕ್ಷರು ಬಾದಾಮಿಯ ನಿವೃತ್ತ ಇತಿಹಾಸ ಪ್ರಾಧ್ಯಾಪಕ ಧರ್ಮರಾಜ. ರಂಗವ್ವ ಇಲಕಲ್ ಸೀರೆಯುಟ್ಟು ವೇದಿಕೆಯ ಮೇಲೆ ಪ್ರಿಯದರ್ಶಿನಿಯ ಪಕ್ಕ ಕೂತಿದ್ದಳು. ಮಾಸ್ತರರಿಗೆ ಮುಂದಿನ ಸಾಲಿನಲ್ಲಿ ಕುರ್ಚಿ. ವೇದಿಕೆಯಿಂದ ನಾಲ್ಕು ಮೊಳ ದೂರ, ಎರಡು ಮೊಳ ಕೆಳಗೆ.

ದೀಪ ಆರಿಸಿ ಚಿತ್ರ ಹಚ್ಚಿದರು. ಮಾಸ್ತರರು ಒಂದು ಸಂಗತಿಯನ್ನು ಪೂರ್ತಿ ಮರೆತಿದ್ದರು. ಪರದೆಯ ಕೆಳಗಿನ ಅಕ್ಷರ ಬೇಕಾದದ್ದು ಬೆಂಗಳೂರಿನವರಿಗೆ. ಇಲ್ಲಿ ಕೂತವರಿಗೆ ರಂಗವ್ವನ ಮಾತು ನೇರವಾಗಿ ಕಿವಿಗೆ ಬೀಳುತ್ತದೆ. ಅವರ ಕಿವಿ ಒಂದನ್ನು ಕೇಳುತ್ತಿತ್ತು, ಕಣ್ಣು ಇನ್ನೊಂದನ್ನು ಓದುತ್ತಿತ್ತು. ಮೂಗಬಾಯಿ ಮನಿ ಎಂಬಲ್ಲಿ ಸಮಾಧಿ ಸಂಖ್ಯೆ ೭ ಎಂದು ಮೂಡಿದಾಗ ಕಾಲೇಜಿನ ಹುಡುಗಿಯರು ಕಿಸಕ್ಕೆಂದರು. ಇದ್ದಿರಬಹುದು ಎಂಬಲ್ಲಿ ನಗು ಜೋರಾಯಿತು. ಹದಿನೆಂಟನೇ ನಿಮಿಷ ಬಂತು. 'ಇವರೇ ನನ್ನನ್ನು ಕರೆದುಕೊಂಡು ಬಂದು ತೋರಿಸಿದರು' ಎಂದು ದೊಡ್ಡ ಬಿಳಿ ಅಕ್ಷರ ಮೂಡಿತು. ಒಂದು ಕ್ಷಣ ಯಾರೂ ನಗಲಿಲ್ಲ.

"ಲೇ, ಆಕಿ ಹೇಳೂದ ಒಂದು, ಕೆಳಗ ಬರದದ್ದ ಒಂದು" ಎಂದ ಹಿಂದಿನ ಸಾಲಿನ ಒಬ್ಬ.

ಸಭೆಯೆಲ್ಲ ಹೋ ಅಂದಿತು. ಮಾಸ್ತರರು ಕತ್ತಲಲ್ಲಿ ತಮ್ಮ ಚಪ್ಪಲಿ ನೋಡುತ್ತ ಕೂತರು.

ಚಿತ್ರ ಮುಗಿದು ದೀಪ ಹತ್ತಿತು. ಧರ್ಮರಾಜರು ಮೈಕು ತೆಗೆದುಕೊಂಡು, "ರಂಗವ್ವಾರ, ಒಂದ ಮಾತು. ಆ ಗುಡ್ಡ ಮೊದಲ ತೋರಿಸಿದವರು ಯಾರು? ನೀವು ಹೇಳಿದ್ದ ಬ್ಯಾರೆ, ಬರದದ್ದ ಬ್ಯಾರೆ ಐತಿ" ಅಂದರು.

"ಏನ ಬರದೈತ್ರಿ?" ಅಂದಳು ರಂಗವ್ವ. ಅವಳು ಅಕ್ಷರ ಕೂಡಿಸುವಷ್ಟರಲ್ಲಿ ಪರದೆಯ ಸಾಲು ಹಾರಿಹೋಗುತ್ತಿತ್ತು, ಏನೂ ಓದಿರಲಿಲ್ಲ.

ಧರ್ಮರಾಜರು ಓದಿ ಹೇಳಿದರು. ಕೆಳಗಿನ ಅಕ್ಷರ ಯಾರು ಬರೆದದ್ದು ಎಂಬುದು ರಂಗವ್ವನಿಗೆ ಗೊತ್ತಿತ್ತು. ಆ ರವಿವಾರ ಬರೆಯುತ್ತ ಕೂತ ಗಂಡನಿಗೆ ಚಹಾ ಮಾಡಿಕೊಟ್ಟವಳೇ ಅವಳು. ಅವಳು ಕೆಳಗೆ, ಮುಂದಿನ ಸಾಲಿನ ಕಡೆ ನೋಡಿದಳು. ಬಹಳ ಹೊತ್ತಲ್ಲ. ಆಮೇಲೆ ಮೈಕಿಗೆ ಬಾಯಿ ಹತ್ತಿರ ತಂದಳು.

"ಬರದದ್ದ ಖರೆ ಐತ್ರಿ. ಅವರ ನನಗ ತೋರಿಸಿದ್ದು. ನಂದ ಬಾಯಿತಪ್ಪಿ ಹಂಗ ಬಂದೈತಿ. ಕ್ಯಾಮೆರಾ ಮುಂದ ಕುಂತಾಗ ಹೆದರಿಕ್ಯಾಗಿ ಏನರ ಅಂದಿರ್ತೇನ್ರಿ."

ಸಭೆ ಮೆಚ್ಚಿ ನಕ್ಕಿತು. ಚಪ್ಪಾಳೆ ಬಿತ್ತು. ಎಷ್ಟು ಸರಳ ಹೆಣ್ಣುಮಗಳು ಎಂದು ಪಕ್ಕದ ಕುರ್ಚಿಯವರು ಮಾಸ್ತರರ ಕಿವಿಯಲ್ಲಿ ಹೇಳಿದರು. ಮಾಸ್ತರರು ಬಚಾವಾಗಿದ್ದರು. ಅವರ ಹೆಸರು, ಶಾಲು, ಲ್ಯಾಮಿನೇಷನ್ನು ಎಲ್ಲ ಉಳಿದಿತ್ತು. ಕೂತಿದ್ದರೆ ಮುಗಿಯುತ್ತಿತ್ತು. ಆದರೆ ಚಪ್ಪಾಳೆ ನಿಲ್ಲಲಿಲ್ಲ. ಇವಳಿಗೆ ಸುಳ್ಳಿಗೂ ಚಪ್ಪಾಳೆಯೇ ಎಂಬ ಕಿಚ್ಚು ಹೊಟ್ಟೆಯಿಂದ ಗಂಟಲಿಗೆ ಬಂತು. ಅವರನ್ನು ಕುರ್ಚಿಯಿಂದ ಎಬ್ಬಿಸಿದ್ದು ಆ ಕಿಚ್ಚೋ, ಇಪ್ಪತ್ತಮೂರು ವರ್ಷದ ನಾಚಿಕೆಯೋ, ಅವರಿಗೇ ಇವತ್ತಿಗೂ ತಿಳಿದಿಲ್ಲ. ಎರಡೂ ಇದ್ದವು ಎಂದುಕೊಂಡರೆ ಯಾರಿಗೂ ಅನ್ಯಾಯವಾಗುವುದಿಲ್ಲ.

ವೇದಿಕೆ ಹತ್ತಿ ಮೈಕು ಹಿಡಿದು "ಮಾನ್ಯ ಅಧ್ಯಕ್ಷರೇ" ಅಂದರು. ಮುಂದಿನ ಮಾತು ಆ ಕನ್ನಡದಲ್ಲಿ ಬರಲಿಲ್ಲ.

"ಆಕಿ ಸುಳ್ಳ ಹೇಳಾಕತ್ತಾಳ್ರಿ. ಕೆಳಗಿನ ಅಕ್ಷರ ಬರದಾಂವ ನಾ. ತಿರುವ್ಯಾಡಿ ಬರದೀನಿ. ಆ ಗುಡ್ಡಾ ನಾ ಹುಡುಕಿದ್ದಲ್ಲ. ಲಗ್ನಾದ ವರ್ಷ ಆಕಿ ಕರಕೊಂಡ ಹೋಗಿ ತೋರಿಸಿದ್ಲು. ಪೇಪರಿನ್ಯಾಗ ನಾ ನನ್ನ ಹೆಸರ ಹಾಕ್ಕೊಂಡ್ನಿ. ಆಕಿ ಬಾಯಿ ತಪ್ಪಿಲ್ರಿ. ನನ್ನ ಕೈ ತಪ್ಪೇತಿ."

ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ರಂಗವ್ವನಿಗೆ ಬಿದ್ದದ್ದರ ಎರಡರಷ್ಟು, ಮಾಸ್ತರರಿಗೆ ಆ ಲೆಕ್ಕ ತಪ್ಪಲಿಲ್ಲ. ಧರ್ಮರಾಜರು ಅಪ್ಪಿಕೊಂಡು, ಇಷ್ಟು ದೊಡ್ಡ ಮನಸ್ಸು ಯಾರಿಗಿದೆ ಅಂದರು. ಮತೀನ ಎಲ್ಲವನ್ನೂ ಕ್ಯಾಮೆರಾದಲ್ಲಿ ಹಿಡಿದಿದ್ದ. ಪ್ರಿಯದರ್ಶಿನಿ ಕಣ್ಣೊರೆಸಿಕೊಂಡು, "ಸರ್, ಸಾಲು ತಿದ್ದಿಸ್ತೀನಿ. ಆದ್ರೆ ಅಕ್ಕ ಹೇಳಿದ್ದು, ನೀವು ಎದ್ದು ಬಂದದ್ದು, ಇವೆರಡನ್ನೂ ಚಿತ್ರದ ಕೊನೆಗೆ ಸೇರಿಸ್ತೀನಿ" ಅಂದಳು. ಮಾಸ್ತರರು ಒಪ್ಪಿದರು. ಶಾಲು ಹೊದಿಸಿದರು, ಹೊದ್ದುಕೊಂಡರು. ರಂಗವ್ವ ಕುರ್ಚಿಯಲ್ಲಿ ಕೂತು ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತಿದ್ದಳು, ಬಿಚ್ಚುತ್ತಿದ್ದಳು.

ಐದೂವರೆಯ ಬಸ್ಸಿಗೆ ಇಬ್ಬರೂ ಹುನಗುಂದಕ್ಕೆ ಹೊರಟರು. ಕಮತಗಿ ದಾಟಿದರೂ ಅವಳು ಮಾತಾಡಲಿಲ್ಲ. ಮಾಸ್ತರರು ತಾವು ಬಹಳ ಒಳ್ಳೆಯ ಕೆಲಸ ಮಾಡಿದ ಉಮೇದಿಯಲ್ಲಿದ್ದರು. ಅವಳಿಂದ ಒಂದು ಮಾತು ಬರಬೇಕಿತ್ತು. ಅಮೀನಗಡದಲ್ಲಿ ಬಸ್ಸು ನಿಂತಾಗ ಇಳಿದು ಕರದಂಟು ತಂದರು. ಅವಳು ಪೊಟ್ಟಣವನ್ನು ತೊಡೆಯ ಮೇಲಿಟ್ಟುಕೊಂಡಳು, ಬಿಚ್ಚಲಿಲ್ಲ.

"ಯಾಕ, ಸಿಟ್ಟೇನು? ಎಲ್ಲಾರ ಮುಂದ ತಪ್ಪ ಒಪ್ಪಿಕೊಂಡ್ನೆಲ್ಲ" ಅಂದರು ಮಾಸ್ತರರು.

"ಎಲ್ಲಾರ ಮುಂದ ಒಪ್ಪಿಕೊಂಡ್ರಿ" ಅಂದಳು ರಂಗವ್ವ. "ನನ್ನ ಮುಂದ ಎಲ್ಲಿ ಒಪ್ಪಿಕೊಂಡ್ರಿ?"

ಮಾಸ್ತರರು ಶಾಲು ಸರಿಪಡಿಸಿಕೊಂಡರು.

"ಜಲ್ಮದಾಗ ಮೊದಲನೇ ಸಲ ಮೈಕ್ ಹಿಡದ್ನಿ. ಹಿಡದ, ನಿಮ್ಮ ಸಲುವಾಗಿ ಒಂದ ಸುಳ್ಳ ಹೇಳಿದ್ನಿ. ಅಷ್ಟ ಮಂದಿ ಮುಂದ. ನೀವು ಎದ್ದ ಬಂದ ಖರೆ ಹೇಳಿದ್ರಿ. ಈಗ ಸುಳ್ಳಗಾರ್ತಿ ಯಾರಾದ್ರು? ಇನ್ನ ಆ ಹುಡುಗಿ ಅದನ್ನ ಸಿನಿಮಾಕ್ಕೂ ಹಚ್ಚತಾಳಂತ. ನೀವು ಹೂಂ ಅಂದ್ರಿ. ನನ್ನ ಕೇಳಿದ್ರೇನು?"

ಬಸ್ಸು ಹೊರಟಿತು. ಮಾಸ್ತರರು ಹೆಗಲ ಮೇಲಿನ ಶಾಲನ್ನು ತೆಗೆದು ಮಡಿಚಿದರು. "ಬ್ಯಾಡ ಅಂತ ಹೇಳ್ತೇನಿ ಆಕಿಗೆ" ಅಂದರು. "ಅವತ್ತ ಪೇಪರಿನ್ಯಾಗ ನಿನ್ನ ಹೆಸರ ಬರೀಬೇಕಿತ್ತು ನಾ."

"ಪೇಪರ ಮಾತ ಬಿಡ್ರಿ. ನನಗ್ಯಾಕ ಬೇಕಿತ್ತದು?" ಅವಳು ಕಿಟಕಿಯ ಕಡೆ ತಿರುಗಿದಳು. "ನಾ ಅದನ್ನ ಪೇಪರಿನವರಿಗೆ ತೋರಿಸಿದ್ದಲ್ಲ. ನಿಮಗ ತೋರಿಸಿದ್ದು. ಹೊಸಾ ಲಗ್ನ. ನೀವು ಓದಿದವರು, ಪ್ಯಾಟಿಯವರು. ನನ್ನ ಕಡೆ ಬ್ಯಾರೆ ಏನಿತ್ತು ತೋರಸಾಕ?"

ಆ ಪಂಚಮಿಯ ದಿನವನ್ನು ಮಾಸ್ತರರು ಲೇಖನ ಬರೆದ ಮೇಲೆ ನೆನೆದದ್ದೇ ಇರಲಿಲ್ಲ. ನೆನೆದರೆ ಅಡಚಣೆಯಾಗುವ ದಿನ ಅದು. ಈಗ ಅದು ತಾನಾಗಿಯೇ ಬಂತು. ಸಣ್ಣಗೆ ಮಳೆ ಹನಿಯುತ್ತಿತ್ತು. ಹತ್ತೊಂಬತ್ತು ವರ್ಷದ ಹುಡುಗಿಯೊಬ್ಬಳು ಹಸಿರು ಬಳೆ ತೊಟ್ಟ ಕೈಯನ್ನು ಒಂದೊಂದೇ ಕಲ್ಲಿನ ಮೇಲಿಟ್ಟು ಹೆಸರು ಹೇಳುತ್ತಿದ್ದಳು. ಹಿಂದೆ ಒಬ್ಬ ಹುಡುಗ, ಕೈಯಲ್ಲಿ ಅಳತೆಯ ಟೇಪಿಲ್ಲ, ವಹಿಯಿಲ್ಲ, ಒಂದು ಹೆಸರನ್ನೂ ಕಿವಿಗೆ ಹಾಕಿಕೊಳ್ಳದೆ ಅವಳ ಮುಖವನ್ನೇ ನೋಡುತ್ತ ಗುಡ್ಡ ತಿರುಗುತ್ತಿದ್ದ. ಅವಳು ಅವನಿಗೊಬ್ಬನಿಗೇ ಹೇಳುತ್ತಿದ್ದಳು. ಮುಚ್ಚಿದ ಮನಿಯ ಹತ್ತಿರವೂ ಕರೆದೊಯ್ದಿದ್ದಳೋ ಏನೋ, ಅವನು ಎಣಿಸಿರಲಿಲ್ಲ.

ರಂಗವ್ವ ಕಣ್ಣು ಮುಚ್ಚಿ ಕಿಟಕಿಗೆ ತಲೆಯಾನಿಸಿದ್ದಳು, ನಿದ್ದೆ ಬಂದಿರಲಿಲ್ಲ. ಮಾಸ್ತರರು ಅವಳ ಕಡೆ ನೋಡಿದರು. ಪ್ರಿಯದರ್ಶಿನಿಯ ಮೇಲೆ, ಮತೀನನ ಮೇಲೆ, ಚಪ್ಪಾಳೆ ತಟ್ಟಿದ ನಾನೂರು ಜನರ ಮೇಲೆ, ಈ ಪಕ್ಕದಲ್ಲಿ ಕೂತವಳ ಮೇಲೆ ಕೂಡ, ಅವರಿಗೆ ಈಗ ಯಾವ ಹೊಟ್ಟೆಕಿಚ್ಚೂ ಇರಲಿಲ್ಲ. ಅದೆಲ್ಲ ಒಟ್ಟುಗೂಡಿ ಪಂಚಮಿಯ ದಿನದ ಆ ಹುಡುಗನ ಮೇಲೆ ತಿರುಗಿತ್ತು.